ಗೃಹಸಾಲ: ಬೇಗ ತೀರಿಸುವುದೋ, ಹಣ ಕೈಯಲ್ಲಿಟ್ಟುಕೊಳ್ಳುವುದೋ?

ಪ್ರಶ್ನೆ: ಬೋನಸ್ಸು, ಇನ್‌ಕ್ರಿಮೆಂಟು, ಊರಿನ ಜಮೀನಿನಿಂದ ಬಂದ ಪಾಲು. ಹೀಗೆ ಕೈಗೆ ಬಂದ ಹೆಚ್ಚುವರಿ ಹಣವನ್ನೆಲ್ಲ ಗೃಹಸಾಲಕ್ಕೆ ಕಟ್ಟಿ, ಅವಧಿಗೆ ಮೊದಲೇ ಮುಗಿಸಬೇಕೆ?

ಮಾತು ಗಾಳಿಯಲ್ಲಿ ತೇಲದಿರಲಿ ಎಂದು ಒಂದು ಸಾಲವನ್ನು ಎದುರಿಗಿಟ್ಟುಕೊಳ್ಳೋಣ. ಬೆಂಗಳೂರಿನ ಹೊರವಲಯದಲ್ಲಿ ₹65 ಲಕ್ಷದ ಫ್ಲ್ಯಾಟ್. ಕೈಯಿಂದ 15 ಲಕ್ಷ, ಬ್ಯಾಂಕಿನಿಂದ 50 ಲಕ್ಷ, ಅವಧಿ 20 ವರ್ಷ. ಬಡ್ಡಿ ಶೇ 8.5, ಈಗ ಕೆಲವರಿಗೆ ಇದಕ್ಕಿಂತ ಕಡಿಮೆಗೂ ಸಿಗುತ್ತಿದೆ, ಆದರೆ 20 ವರ್ಷದಲ್ಲಿ ದರ ಏರಿಳಿಯುವುದರಿಂದ ನಡುವಿನ ಲೆಕ್ಕ ಹಿಡಿದಿದ್ದೇವೆ. ಇಎಂಐ ₹43,391. ಮನೆ ತೋರಿಸುವವರು ಇಷ್ಟನ್ನು ಚೀಟಿಯಲ್ಲಿ ಬರೆದುಕೊಡುತ್ತಾರೆ. ಅದನ್ನು 240 ತಿಂಗಳಿಗೆ ಗುಣಿಸಿದರೆ ₹1.04 ಕೋಟಿ, ಅಂದರೆ ಬಡ್ಡಿಯೇ 54 ಲಕ್ಷ. ಕರ್ನಾಟಕದಲ್ಲಿ 2025ರ ಆಗಸ್ಟ್ 31ರಿಂದ ನೋಂದಣಿ ಶುಲ್ಕ ಶೇ 1ರಿಂದ 2ಕ್ಕೆ ಏರಿದ ಮೇಲೆ, ಮುದ್ರಾಂಕ ಶುಲ್ಕ, ಸೆಸ್, ಸರ್‌ಚಾರ್ಜ್ ಎಲ್ಲ ಸೇರಿ ಸುಮಾರು ಶೇ 7.6 ಆಗುತ್ತದೆ. ಈ ಫ್ಲ್ಯಾಟಿಗೆ ಅದು 4.9 ಲಕ್ಷ. ಕೈಯಿಂದ ಹಾಕಿದ 15 ಲಕ್ಷವನ್ನೂ ಸೇರಿಸಿದರೆ 65 ಲಕ್ಷದ ಮನೆ 1.24 ಕೋಟಿಗೆ ಬಂದು ನಿಲ್ಲುತ್ತದೆ.

ಈ ಒಂದೇ ಸಾಲವನ್ನು ಇಟ್ಟುಕೊಂಡು ಇಬ್ಬರು ವಾದಿಸಿದ್ದಾರೆ.

ಪರ: ಮೊದಲ ವರ್ಷಗಳಲ್ಲೇ ಕಟ್ಟಿ ಬಿಡಿ

ಸಾಲದ ಬೆಲೆ ಇರುವುದು ಅದರ ಮೊದಲ ವರ್ಷಗಳಲ್ಲಿ. ಮೊದಲ ತಿಂಗಳು ಕಟ್ಟುವ ₹43,391ರಲ್ಲಿ ₹35,417 ಬಡ್ಡಿಗೇ ಹೋಗುತ್ತದೆ, ಅಸಲಿಗೆ ಸೇರುವುದು ₹7,974. ವರ್ಷಪೂರ್ತಿ 5.2 ಲಕ್ಷ ಕಟ್ಟಿದ ಮೇಲೂ ಅಸಲು ಇಳಿದಿರುವುದು ಒಂದು ಲಕ್ಷಕ್ಕಿಂತ ಸ್ವಲ್ಪ ಕಡಿಮೆ. ಐದು ವರ್ಷ ಒಂದೂ ಕಂತು ತಪ್ಪಿಸದೆ 26 ಲಕ್ಷ ಕಟ್ಟಿದವರು ಸ್ಟೇಟ್‌ಮೆಂಟ್ ತೆಗೆಸಿ ನೋಡಿದರೆ ಬಾಕಿ 44 ಲಕ್ಷ! ಬ್ಯಾಂಕಿನವರು ಏನೋ ತಪ್ಪು ಮಾಡಿದ್ದಾರೆ ಎಂದೇ ಅವರಿಗೆ ಅನಿಸುತ್ತದೆ. ತಪ್ಪು ಏನೂ ಆಗಿಲ್ಲ. ಬಡ್ಡಿ ಬೀಳುವುದು ಬಾಕಿಯ ಮೇಲೆ. ಶುರುವಿನಲ್ಲಿ ಬಾಕಿ ದೊಡ್ಡದು, ಹಾಗಾಗಿ ಬಡ್ಡಿಯೂ ದೊಡ್ಡದು. ಈ ಸಾಲದಲ್ಲಿ ಅಸಲಿನ ಅರ್ಧ ತೀರುವ ಹೊತ್ತಿಗೆ 13 ವರ್ಷ 10 ತಿಂಗಳು ಕಳೆದಿರುತ್ತದೆ.

ಅದಕ್ಕೇ ನಾನು ಮನೆ ಕೊಂಡ ಹೊಸಬರಿಗೆಲ್ಲ ಹೇಳುವುದು: ಮೊದಲ ವರ್ಷದ ಕೊನೆಗೆ ಹೇಗಾದರೂ ಮಾಡಿ ಒಂದು ಲಕ್ಷ ಹೊಂದಿಸಿ ಅಸಲಿಗೆ ಕಟ್ಟಿ. ಆ ಒಂದು ಲಕ್ಷ ನಿಮ್ಮ ಸಾಲದ ಬಾಲದಿಂದ 11 ಕಂತುಗಳನ್ನು ಕತ್ತರಿಸುತ್ತದೆ, 3.8 ಲಕ್ಷ ಬಡ್ಡಿ ಉಳಿಸುತ್ತದೆ. ಅದೇ ಒಂದು ಲಕ್ಷವನ್ನು 15ನೇ ವರ್ಷದ ಕೊನೆಗೆ ಕಟ್ಟಿದರೆ ಉಳಿಯುವುದು ಬರೀ 50 ಸಾವಿರ. ದುಡ್ಡು ಅದೇ, ಬ್ಯಾಂಕೂ ಅದೇ, ಕಟ್ಟಿದ ಹೊತ್ತು ಮಾತ್ರ ಬೇರೆ.

ದೊಡ್ಡ ಮೊತ್ತ ಒಟ್ಟಿಗೆ ಸಿಗದವರಿಗೂ ದಾರಿ ಇದೆ. ವರ್ಷಕ್ಕೆ ಒಂದು ಕಂತು ಹೆಚ್ಚಿಗೆ ಕಟ್ಟುತ್ತ ಹೋದರೆ 20 ವರ್ಷದ ಸಾಲ 16 ವರ್ಷ 8 ತಿಂಗಳಿಗೆ ಮುಗಿದು, ಸುಮಾರು 10 ಲಕ್ಷ ಉಳಿಯುತ್ತದೆ. ಸಂಬಳ ಏರಿದಂತೆ ಇಎಂಐಯನ್ನೂ ಪ್ರತಿವರ್ಷ ಶೇ 5ರಷ್ಟು ಏರಿಸಿದರೆ ಇನ್ನೂ ಒಳ್ಳೆಯದು. 12 ವರ್ಷ ಮೂರು ತಿಂಗಳಲ್ಲಿ ಸಾಲವೇ ಇರುವುದಿಲ್ಲ. ಇದಕ್ಕೆ ದಂಡ ಕಟ್ಟಬೇಕೇ ಎಂದು ಹೆದರುವವರು ಈಗಲೂ ಇದ್ದಾರೆ. ಬದಲಾಗುವ ಬಡ್ಡಿಯ ಗೃಹಸಾಲವನ್ನು ಅವಧಿಗೆ ಮೊದಲು ತೀರಿಸಿದರೆ ಬ್ಯಾಂಕುಗಳು ಶುಲ್ಕ ಹಾಕಬಾರದು ಎಂದು ರಿಸರ್ವ್ ಬ್ಯಾಂಕ್ 2012ರಲ್ಲೇ ಹೇಳಿದೆ.

ಅವಧಿ ಎಳೆಯುವುದರ ಬೆಲೆಯನ್ನೂ ನೋಡಿ. ಕಂತು ಹಗುರಾಗಲಿ ಎಂದು 20ರ ಬದಲು 30 ವರ್ಷ ಆರಿಸಿಕೊಂಡರೆ ಇಎಂಐ ₹38,446ಕ್ಕೆ ಇಳಿಯುತ್ತದೆ. ತಿಂಗಳಿಗೆ ಐದು ಸಾವಿರದ ಈ ಹಗುರಕ್ಕೆ ತೆರುವ ಬಡ್ಡಿ 54ರಿಂದ 88 ಲಕ್ಷಕ್ಕೆ ಹೋಗುತ್ತದೆ.

ಇನ್ನೊಂದು ಅಪಾಯ ಬಡ್ಡಿ ದರದ್ದು. ಸಾಲ ಪತ್ರದ ಮೇಲೆ 20 ವರ್ಷ ಎಂದು ಬರೆದಿದ್ದರೂ ಅದು 20ಕ್ಕೇ ಮುಗಿಯುತ್ತದೆ ಎಂಬ ಖಾತ್ರಿ ಇಲ್ಲ. 2021ರಲ್ಲಿ ಶೇ 6.7ಕ್ಕೆ ಸಾಲ ಸಿಗುತ್ತಿದೆ ಎಂದು ಎಷ್ಟೋ ಜನ ಮನೆ ತೆಗೆದುಕೊಂಡರು. 2022ರ ಮೇ ತಿಂಗಳಿಂದ 2023ರ ಫೆಬ್ರವರಿಯೊಳಗೆ ರೆಪೊ ದರ (ಬ್ಯಾಂಕುಗಳಿಗೆ ರಿಸರ್ವ್ ಬ್ಯಾಂಕ್ ಕೊಡುವ ಸಾಲದ ಬಡ್ಡಿ) ಶೇ 4ರಿಂದ 6.5ಕ್ಕೆ ಏರಿತು. 50 ಲಕ್ಷಕ್ಕೆ 6.7ರ ದರದಲ್ಲಿ ಕಂತು ₹37,870. ಒಂದೂವರೆ ವರ್ಷದ ಮೇಲೆ ದರ 9.2 ಆಯಿತು, ಕಂತು ಮಾತ್ರ ಹಾಗೇ ಉಳಿಯಿತು ಎಂದಿಟ್ಟುಕೊಳ್ಳಿ: ಬಡ್ಡಿಗೇ ₹36,893 ಹೋಗಿ, ಅಸಲಿಗೆ ಸಾವಿರವೂ ಸೇರುವುದಿಲ್ಲ. ಆ ಲೆಕ್ಕದಲ್ಲಿ ಸಾಲ ತೀರಲು ಇನ್ನೂ ಸುಮಾರು 40 ವರ್ಷ ಬೇಕು. ಹೀಗೆ ಅವಧಿ ಸದ್ದಿಲ್ಲದೆ ಹಿಗ್ಗುವುದನ್ನು ನೋಡಿಯೇ ರಿಸರ್ವ್ ಬ್ಯಾಂಕ್ 2023ರ ಆಗಸ್ಟ್‌ನಲ್ಲಿ ಸುತ್ತೋಲೆ ಹೊರಡಿಸಿತು: ದರ ಏರಿದಾಗ ಕಂತು ಹೆಚ್ಚಿಸಬೇಕೋ, ಅವಧಿ ಹೆಚ್ಚಿಸಬೇಕೋ ಎಂದು ಸಾಲಗಾರರನ್ನು ಕೇಳಬೇಕು. 2025ರಲ್ಲಿ ರೆಪೊ ಮತ್ತೆ 5.25ಕ್ಕೆ ಇಳಿದಿದೆ. ಈಗ ಕಂತು ಇಳಿಸಿ ಎಂದು ಕೇಳಬೇಡಿ, ಹಳೆಯ ಕಂತನ್ನೇ ಕಟ್ಟುತ್ತಿರಿ. ಅವಧಿ ತಾನಾಗಿ ಕುಗ್ಗುತ್ತದೆ.

ತೆರಿಗೆ ಉಳಿಯುತ್ತದಲ್ಲ ಎನ್ನುವ ಸಮಾಧಾನ ನನಗೆ ಯಾವತ್ತೂ ಒಪ್ಪಿಗೆಯಾಗಿಲ್ಲ. ಹಳೆಯ ತೆರಿಗೆ ಪದ್ಧತಿಯಲ್ಲಿ ನಾವೇ ವಾಸವಿರುವ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ವಿನಾಯಿತಿ. ಶೇ 30ರ ಹಂತದಲ್ಲಿರುವವರಿಗೂ ಅದರಿಂದ ಉಳಿಯುವುದು ₹62,400. ಮೊದಲ ವರ್ಷ ಬಡ್ಡಿಗೆಂದು ತೆತ್ತದ್ದು 4.2 ಲಕ್ಷ. ಹೊಸ ಪದ್ಧತಿಗೆ ಹೋದವರಿಗಂತೂ ಆ 2 ಲಕ್ಷವೂ ಇಲ್ಲ.

ಮನೆಯ ಸಾಲಕ್ಕೆ ಕಟ್ಟಿದ ಪ್ರತಿ ರೂಪಾಯಿಯೂ ಶೇ 8.5 ಗಳಿಸಿಕೊಟ್ಟ ಹಾಗೆ. ಅದಕ್ಕೆ ತೆರಿಗೆ ಇಲ್ಲ, ಮಾರುಕಟ್ಟೆಯ ಏರುಪೇರಿಲ್ಲ. 2008ರ ಜನವರಿಯಲ್ಲಿ 21,000 ದಾಟಿದ್ದ ಸೆನ್ಸೆಕ್ಸ್ ಅದೇ ಅಕ್ಟೋಬರ್‌ನಲ್ಲಿ 8,000ಕ್ಕಿಂತ ಕೆಳಗೆ ಬಿದ್ದುದನ್ನು ಕಂಡವರಿಗೆ ಇದರ ಬೆಲೆ ಗೊತ್ತು. 38ನೇ ವಯಸ್ಸಿನಲ್ಲಿ 20 ವರ್ಷದ ಸಾಲ ಮಾಡಿದವರು 58ರವರೆಗೆ ಕಂತು ಕಟ್ಟಬೇಕು. ಆ ವಯಸ್ಸಿನವರೆಗೆ ಇದೇ ಕೆಲಸ, ಇದೇ ಸಂಬಳ ಇರುತ್ತದೆ ಎಂದು ಇಂದು ಯಾರು ಎದೆ ತಟ್ಟಿ ಹೇಳಬಲ್ಲರು?

ವಿರೋಧ: ಎಲ್ಲ ಹಣವನ್ನೂ ಗೋಡೆಯೊಳಗೆ ಹೂಳಬೇಡಿ

ಮೇಲಿನ ಲೆಕ್ಕಗಳಲ್ಲಿ ತಪ್ಪಿಲ್ಲ. ಆದರೆ 3.8 ಲಕ್ಷ ಉಳಿಯುತ್ತದೆ ಎನ್ನುವಾಗ ಅದು ಯಾವಾಗ ಉಳಿಯುತ್ತದೆ ಎಂಬುದನ್ನೂ ಹೇಳಬೇಕಿತ್ತು. ಮೊದಲ ವರ್ಷ ಕಟ್ಟಿದ ಒಂದು ಲಕ್ಷ 19ನೇ ವರ್ಷದವರೆಗೆ ನಿಮ್ಮ ಕೈಗೆ ಒಂದು ರೂಪಾಯಿಯನ್ನೂ ತಂದುಕೊಡುವುದಿಲ್ಲ. ಅಲ್ಲಿಯವರೆಗೆ ಪ್ರತಿ ತಿಂಗಳ ಐದನೇ ತಾರೀಖಿನ ಕಂತು ಅಷ್ಟೇ ಇರುತ್ತದೆ.

ಇದು ಏಕೆ ಮುಖ್ಯ ಎಂದರೆ, ಸಾಲಗಾರರ ಮನೆ ಮುರಿಯುವುದು ಒಟ್ಟು ಬಡ್ಡಿ ಹೆಚ್ಚಾಗಿ ಅಲ್ಲ, ಮೂರು ನಾಲ್ಕು ತಿಂಗಳ ಕಂತಿಗೆ ದುಡ್ಡು ಇಲ್ಲದೆ. ಕಳೆದ ವರ್ಷ ನೀವು ಐದು ಲಕ್ಷ ಮುಂಗಡ ಕಟ್ಟಿದ್ದೀರಿ ಎಂದು ಈ ವರ್ಷ ಕೆಲಸ ಹೋದಾಗ ಬ್ಯಾಂಕು ಸುಮ್ಮನಿರುವುದಿಲ್ಲ. 90 ದಿನ ಕಂತು ಬಾರದಿದ್ದರೆ ಸಾಲ ವಸೂಲಾಗದ ಸಾಲಗಳ (ಎನ್‌ಪಿಎ) ಪಟ್ಟಿಗೆ ಸೇರುತ್ತದೆ. ಆಮೇಲೆ 2002ರ ಸರ್ಫೇಸಿ ಕಾಯ್ದೆಯಡಿ 60 ದಿನಗಳ ನೋಟಿಸು. ಬಾಕಿ ಅರ್ಧಕ್ಕೆ ಇಳಿದಿದ್ದರೂ ಅಡವಿಟ್ಟಿರುವುದು ಇಡೀ ಮನೆಯೇ.

2020ರ ಕೋವಿಡ್ ಕಾಲ ಇದನ್ನು ಎಲ್ಲರಿಗೂ ತೋರಿಸಿತು. ಮಾರ್ಚ್‌ನಿಂದ ಆಗಸ್ಟ್‌ವರೆಗೆ ಕಂತು ಮುಂದೂಡಲು ರಿಸರ್ವ್ ಬ್ಯಾಂಕ್ ಅವಕಾಶ ಕೊಟ್ಟಿತು, ಆದರೆ ಬಡ್ಡಿ ನಿಲ್ಲಲಿಲ್ಲ. ನಮ್ಮ ಲೆಕ್ಕದ ಸಾಲದಲ್ಲೇ ಶುರುವಿನ ಆರು ಕಂತು ಮುಂದೂಡಿದರೆ 240 ಕಂತಿನ ಜಾಗದಲ್ಲಿ 270 ಕಟ್ಟಬೇಕಾಗುತ್ತದೆ. ಆರು ತಿಂಗಳ ಉಸಿರಿಗೆ 30 ಕಂತು! ಉಳಿತಾಯ ಖಾತೆಯಲ್ಲೋ ಎಫ್‌ಡಿಯಲ್ಲೋ ಎರಡೂವರೆ ಲಕ್ಷ ಇಟ್ಟುಕೊಂಡಿದ್ದವರಿಗೆ ಈ ಹೊರೆ ಬೇಕಿರಲಿಲ್ಲ. ಇದ್ದದ್ದನ್ನೆಲ್ಲ ಫೆಬ್ರವರಿಯಲ್ಲೇ ಸಾಲಕ್ಕೆ ಕಟ್ಟಿ ಬಂದವರ ಸ್ಥಿತಿಯನ್ನು ಊಹಿಸಿಕೊಳ್ಳಿ. ಆ ಹಣ ಅವರದೇ ಮನೆಯಲ್ಲಿತ್ತು, ಆದರೆ ಅದರಿಂದ ಅಕ್ಕಿ ತರಲು ಆಗುತ್ತಿರಲಿಲ್ಲ.

ಇನ್ನು 1.04 ಕೋಟಿ ಎಂಬ ಹೆದರಿಕೆಯ ಅಂಕಿ. 20 ವರ್ಷದಾಚೆಯ ರೂಪಾಯಿಯನ್ನು ಇವತ್ತಿನ ರೂಪಾಯಿಯ ಪಕ್ಕದಲ್ಲಿಟ್ಟು ಕೂಡಿಸಿದ ಮೊತ್ತ ಅದು. ಬೆಲೆಯೇರಿಕೆ ವರ್ಷಕ್ಕೆ ಶೇ 5 ಎಂದು ಹಿಡಿದರೆ ಕೊನೆಯ ಕಂತಿನ ₹43,391ಕ್ಕೆ ಇವತ್ತಿನ ₹16,000ದ ಬೆಲೆ. 240 ಕಂತುಗಳನ್ನೂ ಹಾಗೆ ಇವತ್ತಿನ ಬೆಲೆಗೆ ತಂದರೆ ಮೊತ್ತ 66 ಲಕ್ಷ. 30 ವರ್ಷದ ಸಾಲಕ್ಕೂ ಇದೇ ಲೆಕ್ಕ ಹಾಕಿದರೆ ಸುಮಾರು 72 ಲಕ್ಷ. ಎದುರಿನವರು ತೋರಿಸಿದ 34 ಲಕ್ಷದ ಅಂತರ ಇವತ್ತಿನ ಲೆಕ್ಕದಲ್ಲಿ ಆರು ಲಕ್ಷಕ್ಕೆ ಇಳಿಯುತ್ತದೆ. ಹಾಗೆಂದು ಎಲ್ಲರೂ 30 ವರ್ಷದ ಸಾಲ ಮಾಡಿ ಎಂದು ನಾನು ಹೇಳುತ್ತಿಲ್ಲ. ಚಿಕ್ಕ ಸಂಬಳದ ಕುಟುಂಬ ತಿಂಗಳ ಐದು ಸಾವಿರದ ಸಡಿಲಿಕೆಗಾಗಿ ಅದನ್ನು ಆರಿಸಿಕೊಂಡರೆ ಅವರನ್ನು ದಡ್ಡರೆಂದು ಕರೆಯಬೇಕಿಲ್ಲ.

ಗೃಹಸಾಲ ನಮಗೆ ಸಿಗುವ ಸಾಲಗಳಲ್ಲೇ ಅಗ್ಗದ್ದು ಎಂಬುದನ್ನು ನೆನಪಿಡಿ. ಅದನ್ನು ಬೇಗ ಮುಗಿಸಿದ ಹುರುಪಿನಲ್ಲಿದ್ದವರೇ ಎರಡು ವರ್ಷದ ಮೇಲೆ ಮಗಳ ಕಾಲೇಜು ಫೀಸಿಗೆಂದು ಶೇ 12–13ರ ಪರ್ಸನಲ್ ಲೋನ್ ಹುಡುಕುತ್ತಾರೆ. ಕ್ರೆಡಿಟ್ ಕಾರ್ಡಿನ ಬಾಕಿಗೆ ವರ್ಷಕ್ಕೆ ಶೇ 40ರ ಆಸುಪಾಸಿನ ಬಡ್ಡಿ ತೆರುತ್ತಿರುವವರು 8.5ರ ಸಾಲವನ್ನು ತೀರಿಸುವುದರಲ್ಲಿ ಯಾವ ಅರ್ಥವಿದೆ? ನೌಕರರ ಭವಿಷ್ಯ ನಿಧಿಗೆ (ಪಿಎಫ್) 2024–25ರಲ್ಲಿ ಸಿಕ್ಕ ಬಡ್ಡಿ ಶೇ 8.25. ಸಾಲದ ದರಕ್ಕೂ ಅದಕ್ಕೂ ಕಾಲು ಶೇಕಡದ ಅಂತರ. ಅಷ್ಟಕ್ಕಾಗಿ ಪಿಎಫ್ ಹಿಂಪಡೆದು ಸಾಲ ತೀರಿಸುವುದು ಮುಪ್ಪಿನ ಅನ್ನವನ್ನು ಈಗಲೇ ಉಂಡಂತೆ.

ಎಲ್ಲಕ್ಕಿಂತ ನನ್ನನ್ನು ಕಾಡುವುದು ಹೆಂಗಸರ ಬಂಗಾರ. ಬೇಗ ಋಣಮುಕ್ತರಾಗೋಣ ಎಂಬ ಮಾತು ಶುರುವಾದರೆ ನಮ್ಮ ಮನೆಗಳಲ್ಲಿ ಮೊದಲು ತೆರೆಯುವುದು ಹೆಂಡತಿಯ ಒಡವೆ ಪೆಟ್ಟಿಗೆ. ಅವಳ ಬಳೆ, ಅವಳ ಆರ್‌ಡಿ, ತವರಿನವರು ಕೊಟ್ಟ ದುಡ್ಡು ಸಾಲದ ಖಾತೆಗೆ ಹೋಗುತ್ತದೆ. ಎಷ್ಟೋ ಕಡೆ ಕ್ರಯಪತ್ರದಲ್ಲಿ ಅವಳ ಹೆಸರೇ ಇರುವುದಿಲ್ಲ. ಬ್ಯಾಂಕಿನ ಲೆಕ್ಕದಲ್ಲಿ ಅದು ಬಡ್ಡಿಯ ಉಳಿತಾಯ. ಅವಳ ಲೆಕ್ಕದಲ್ಲಿ ತನ್ನದೆಂದು ಇದ್ದ ಒಂದೇ ಆಸ್ತಿ ಇನ್ನೊಬ್ಬರ ಹೆಸರಿನ ಆಸ್ತಿಯಲ್ಲಿ ಕರಗಿದ ಹಾಗೆ. ಹಾಗೆ ಕೊಡಲೇಬೇಕಾದರೆ ಕ್ರಯಪತ್ರಕ್ಕೆ ಅವಳ ಹೆಸರು ಮೊದಲು ಸೇರಲಿ.

ಸಾಲದ ಬೆಲೆ ಇಳಿಸಲು ಉಳಿತಾಯಕ್ಕೆ ಕೈಹಾಕದ ದಾರಿಗಳೂ ಇವೆ. ಬ್ಯಾಂಕುಗಳ ಬದಲಾಗುವ ದರದ ಹೊಸ ಗೃಹಸಾಲಗಳು 2019ರ ಅಕ್ಟೋಬರ್‌ನಿಂದ ರೆಪೊದಂಥ ಹೊರಗಿನ ದರಕ್ಕೆ ಜೋಡಣೆಯಾಗಿವೆ. ಅದಕ್ಕಿಂತ ಹಿಂದಿನ ಸಾಲದವರು ಹಳೆಯ ಪದ್ಧತಿಯಲ್ಲೇ ಉಳಿದಿದ್ದರೆ, ತಮ್ಮ ದರವನ್ನು ಹೊಸಬರ ದರದ ಜೊತೆ ಹೋಲಿಸಿ ನೋಡಲಿ. 8.5ರ ದರ 8ಕ್ಕೆ ಇಳಿದರೆ ಈ 50 ಲಕ್ಷದ ಸಾಲದಲ್ಲಿ 3.8 ಲಕ್ಷ ಉಳಿಯುತ್ತದೆ. ಎದುರಿನವರ ಮೊದಲ ವರ್ಷದ ಒಂದು ಲಕ್ಷ ಕೊಡುವ ಲಾಭವೂ ಅಷ್ಟೇ. ಇಲ್ಲಿ ಖರ್ಚು ಒಂದು ಅರ್ಜಿ, ಬದಲಾವಣೆಯ ಶುಲ್ಕ, ಎರಡು ಮೂರು ಸಲದ ಓಡಾಟ. ಸಾಲಕ್ಕೆ ಸಹಿ ಹಾಕುವ ಹೊತ್ತಲ್ಲಿ ಸಾಲದೊಳಗೇ ಸೇರಿಸುವ ವಿಮೆಯ ಕಂತನ್ನೂ ಪ್ರಶ್ನಿಸಿ. 1.5 ಲಕ್ಷದ ಪ್ರೀಮಿಯಂ ಸಾಲಕ್ಕೆ ಸೇರಿದರೆ 20 ವರ್ಷದಲ್ಲಿ ಅದಕ್ಕೆ 3.1 ಲಕ್ಷ ಕಟ್ಟಿರುತ್ತೀರಿ. ಬೇರೆಯಾಗಿ ಒಂದು ಟರ್ಮ್ ಪಾಲಿಸಿ ಎಷ್ಟಕ್ಕೆ ಸಿಗುತ್ತದೆ ಎಂದು ಕೇಳಿ, ಆಮೇಲೆ ಸಹಿ ಹಾಕಿ. 2024ರ ಅಕ್ಟೋಬರ್‌ನಿಂದ ಬ್ಯಾಂಕು ಸಾಲದ ಮುಖ್ಯಾಂಶಗಳ ಪತ್ರವನ್ನು ಕೊಡಲೇಬೇಕು. ಶುಲ್ಕಗಳೆಲ್ಲ ಸೇರಿದ ನಿಜವಾದ ವಾರ್ಷಿಕ ದರ, ಕಂತಿನ ಪೂರ್ತಿ ಪಟ್ಟಿ ಅದರಲ್ಲಿ ಇರುತ್ತದೆ.

ಪರದವರ ಮರುಮಾತು

ಆರು ಕಂತಿನ ಹಣ ಕೈಯಲ್ಲಿರಬೇಕು ಎಂಬುದನ್ನು ಒಪ್ಪುತ್ತೇನೆ. ಕಾರ್ಡಿನ ಬಾಕಿ ಮೊದಲು ತೀರಬೇಕು ಎಂಬುದನ್ನೂ, ಬಂಗಾರದ ಮಾತನ್ನೂ ಪೂರ್ತಿಯಾಗಿ ಒಪ್ಪುತ್ತೇನೆ. ಆದರೆ ಬೆಲೆಯೇರಿಕೆ ಸಾಲವನ್ನು ಹಗುರ ಮಾಡುವುದು ಸಂಬಳ ಅದರ ಜೊತೆಗೆ ಏರಿದವರಿಗೆ ಮಾತ್ರ; ಐದು ವರ್ಷದಿಂದ ಅದೇ ಸಂಬಳಕ್ಕೆ ದುಡಿಯುತ್ತಿರುವವರಿಗೆ ಆ 43 ಸಾವಿರ ವರ್ಷದಿಂದ ವರ್ಷಕ್ಕೆ ಭಾರವೇ ಆಗುತ್ತದೆ. ಅಲ್ಲದೆ ಕೈಯಲ್ಲಿ ಇಟ್ಟುಕೊಂಡ ದುಡ್ಡು ಕೈಯಲ್ಲೇ ಉಳಿಯುವ ಮನೆಗಳು ಎಷ್ಟು? ಅದು ಕಾರಿಗೆ, ಮದುವೆಗೆ, ಇನ್ನೊಂದು ಸೈಟಿನ ಅಡ್ವಾನ್ಸಿಗೆ ಹೋಗುತ್ತದೆ.

ವಿರೋಧದವರು

ಹಾಗಾದರೆ ಓವರ್‌ಡ್ರಾಫ್ಟ್ ಮಾದರಿಯ ಗೃಹಸಾಲವನ್ನು ವಿಚಾರಿಸಿ. ಮಿಕ್ಕ ಹಣವನ್ನು ಆ ಖಾತೆಯಲ್ಲಿ ಹಾಕಿದಷ್ಟು ದಿನ ಅಷ್ಟಕ್ಕೆ ಬಡ್ಡಿ ಬೀಳುವುದಿಲ್ಲ, ಬೇಕೆಂದಾಗ ವಾಪಸು ತೆಗೆಯಬಹುದು. ದರ ಸ್ವಲ್ಪ ಹೆಚ್ಚಿರುತ್ತದೆ; ತಿಂಗಳಿಂದ ತಿಂಗಳಿಗೆ ಏನೂ ಮಿಗದವರಿಗೆ ಅದರಿಂದ ನಷ್ಟವೇ. ವರ್ಷಕ್ಕೆ ಒಂದೆರಡು ಲಕ್ಷ ಮಿಗುವವರು ಎರಡೂ ಬಗೆಯ ಸಾಲದ ಕಂತಿನ ಪಟ್ಟಿಗಳನ್ನು ಕೇಳಿ ಪಡೆದು, ಅಕ್ಕಪಕ್ಕ ಇಟ್ಟು ನೋಡಲಿ.