ಹಂಪಿಯ ಎರಡನೇ ಇನ್ನಿಂಗ್ಸ್
2002ರಲ್ಲಿ ಕೊನೇರು ಹಂಪಿ ಚೆಸ್ ಗ್ರ್ಯಾಂಡ್‌ಮಾಸ್ಟರ್ ಆದಾಗ ವಯಸ್ಸು 15. ಅಷ್ಟು ಚಿಕ್ಕ ಪ್ರಾಯದಲ್ಲಿ ಆ ಪಟ್ಟಕ್ಕೇರಿದ ಮಹಿಳೆ ಅಲ್ಲಿಯವರೆಗೆ ಯಾರೂ ಇರಲಿಲ್ಲ. 2007ರಲ್ಲಿ 2600 ರೇಟಿಂಗ್ ದಾಟಿದರು. ಅದಕ್ಕೂ ಮುಂಚೆ ಆ ಗೆರೆ ದಾಟಿದ್ದ ಮಹಿಳೆ ಹಂಗೆರಿಯ ಜುಡಿತ್ ಪೋಲ್ಗರ್ ಒಬ್ಬರೇ. ಆಮೇಲೆ ಮಗಳು ಹುಟ್ಟಿದಳು, ಆಟಕ್ಕೆ ದೀರ್ಘ ಬಿಡುವು. ಇನ್ನೇನು ಹಂಪಿಯ ಕತೆ ಮುಗಿಯಿತು ಎಂದುಕೊಂಡವರಿಗೆ 2019ರ ಡಿಸೆಂಬರ್‌ನಲ್ಲಿ ಮಾಸ್ಕೋದಿಂದ ಉತ್ತರ ಬಂತು: ಮಹಿಳಾ ವಿಶ್ವ ರ‍್ಯಾಪಿಡ್ (ವೇಗದ ಚೆಸ್) ಕಿರೀಟ! 2024ರಲ್ಲಿ ನ್ಯೂಯಾರ್ಕ್‌ನಲ್ಲಿ ಅದೇ ಟೂರ್ನಿಯ ಮೊದಲ ಸುತ್ತಲ್ಲೇ ಸೋಲು. ಆದರೂ ಕೊನೆಯ ಸುತ್ತಿನ ಹೊತ್ತಿಗೆ ಮುಂಚೂಣಿಯ ಗುಂಪಿನಲ್ಲಿದ್ದರು. ಕಪ್ಪು ಕಾಯಿ ಹಿಡಿದು ಇಂಡೊನೇಷ್ಯಾದ ಐರೀನ್ ಸುಕಂದರ್ ಅವರನ್ನು ಮಣಿಸಿ, 11ಕ್ಕೆ 8.5 ಅಂಕದೊಂದಿಗೆ ಮತ್ತೆ ಚಾಂಪಿಯನ್. ಮರುವರ್ಷ ಜಾರ್ಜಿಯಾದ ಬಟುಮಿಯಲ್ಲಿ ಮಹಿಳಾ ವಿಶ್ವಕಪ್ ಫೈನಲ್. ಎದುರಿಗೆ ಕೂತವರು 19ರ ದಿವ್ಯಾ ದೇಶಮುಖ್. ಟೈಬ್ರೇಕ್‌ನಲ್ಲಿ ಹಂಪಿ ಸೋತರು. ಆ ಗೆಲುವಿನಿಂದಲೇ ದಿವ್ಯಾ ಗ್ರ್ಯಾಂಡ್‌ಮಾಸ್ಟರ್ ಆದರು.