ವಾಯಿದೆಯ ಪೇಟೆಯೂ ಮನೆವಾರ್ತೆಯ ಹಣವೂ

ವಾಯಿದೆ ವ್ಯಾಪಾರದಲ್ಲಿ ಸಾಮಾನ್ಯ ಗೃಹಸ್ಥರು ಕಳೆದುಕೊಳ್ಳುತ್ತಿರುವ ಹಣವೆಷ್ಟೆಂಬುದು ಈಗ ಊಹೆಯ ಮಾತಾಗಿ ಉಳಿದಿಲ್ಲ. ಪೇಟೆಯ ನಿಯಂತ್ರಣಾಧಿಕಾರಿಗಳಾದ ಸೆಬಿಯವರು 2024ರ ಸೆಪ್ಟೆಂಬರಿನಲ್ಲಿ ಪ್ರಕಟಿಸಿದ ಪರಿಶೀಲನೆಯಂತೆ, 2021-22ರಿಂದ 2023-24ರ ವರೆಗಿನ ಮೂರು ವರುಷಗಳಲ್ಲಿ ಶೇರುಗಳ ವಾಯಿದೆ ಹಾಗೂ ಆಪ್ಶನ್ ವ್ಯವಹಾರಕ್ಕಿಳಿದ ಒಂದು ಕೋಟಿಗೂ ಮಿಕ್ಕ ವ್ಯಕ್ತಿಗಳಲ್ಲಿ ನೂರಕ್ಕೆ 93 ಜನರು ನಷ್ಟವನ್ನೇ ಹೊಂದಿದರು. ಎಲ್ಲರ ನಷ್ಟ ಕೂಡಿ 1.8 ಲಕ್ಷ ಕೋಟಿ ರೂಪಾಯಿಗಳನ್ನು ಮೀರಿತು. 2024-25ರಲ್ಲಿಯೂ ನೂರಕ್ಕೆ 91 ಜನರ ಗತಿ ಇದೇ ಆಯಿತು. ಆ ಒಂದೇ ವರುಷದ ನಷ್ಟ 1.05 ಲಕ್ಷ ಕೋಟಿ. ಹೀಗೆ ಹಣ ಹಾಕಿದವರಲ್ಲಿ ಮುಕ್ಕಾಲು ಪಾಲಿಗಿಂತ ಹೆಚ್ಚು ಜನರ ವಾರ್ಷಿಕ ಉತ್ಪನ್ನ ಐದು ಲಕ್ಷದೊಳಗಿನದೆಂಬುದನ್ನು ಓದಿದಾಗ ನಮ್ಮ ಮನಸ್ಸಿಗೆ ಬಹಳ ವ್ಯಥೆಯಾಯಿತು.

ಕನ್ನಡ ನಾಡಿಗೆ ಈ ಅನುಭವ ಹೊಸದಲ್ಲ. ಅಮೇರಿಕೆಯಲ್ಲಿ 1861ರಲ್ಲಿ ಅಂತರ್ಯುದ್ಧ ಹುಟ್ಟಿ ಅಲ್ಲಿಯ ಹತ್ತಿ ಇಂಗ್ಲಂಡಿಗೆ ಹೋಗದಂತಾದಾಗ ಧಾರವಾಡ ಸೀಮೆಯ ಹತ್ತಿಗೂ ಬಂಗಾರದ ಬೆಲೆ ಬಂದಿತು. ಮುಂಬಯಿಗೆ ಹರಿದ ಹಣವು ಅಲ್ಲಿಯೇ ಸುಮ್ಮನೆ ಕುಳಿತುಕೊಳ್ಳಲಿಲ್ಲ. ಸಮುದ್ರವನ್ನು ತುಂಬಿ ನೆಲ ಮಾಡುವೆವೆಂದು ಹೊರಟ ಬ್ಯಾಕ್ ಬೇ ಕಂಪನಿಯ 5,000 ರೂಪಾಯಿಯ ಶೇರು 50,000ದ ವರೆಗೆ ಏರಿತು. 1865ರ ಜುಲೈ 1ಕ್ಕೆ ತೀರಬೇಕಾದ ವಾಯಿದೆಗಳನ್ನು ಕೈಯಲ್ಲಿ ಹಣವಿಲ್ಲದವರೂ ಬರೆದುಕೊಟ್ಟರು. ಏಪ್ರಿಲಿನಲ್ಲಿ ಯುದ್ಧ ನಿಂತಿತು, ಹತ್ತಿ ಇಳಿಯಿತು. ಜುಲೈ ಬಂದಾಗ ಕೊಡುವವನೂ ಇಲ್ಲ, ಕೊಳ್ಳುವವನೂ ಇಲ್ಲ. ಮುಂಬಯಿ ಬ್ಯಾಂಕು ಕೂಡ 1868ರಲ್ಲಿ ಬಾಗಿಲಿಕ್ಕಿತು.

ವಾಯಿದೆಯ ಕರಾರೇ ಪಾಪವೆಂದು ನಾವು ಹೇಳುವವರಲ್ಲ. ಕೊಡಗಿನ ಕಾಫಿಯ ರಫ್ತುದಾರನು ಮೂರು ತಿಂಗಳ ಮೇಲೆ ಒಪ್ಪಿಸಬೇಕಾದ ಮಾಲಿನ ಧಾರಣೆಯನ್ನು ಲಂಡನ್ನಿನ ಪೇಟೆಯಲ್ಲಿ ಇಂದೇ ಕಟ್ಟಿಕೊಂಡರೆ ಅದು ಜಾಣತನವೇ ಸರಿ. ಅವನ ಗೋದಾಮಿನಲ್ಲಿ ಮಾಲುಂಟು. ಧಾರಣೆ ಇಳಿದರೆ ಮಾಲಿನಲ್ಲಿ ಕಳೆದದ್ದು ಕರಾರಿನಲ್ಲಿ ಬರುತ್ತದೆ. ಆದರೆ ಇಲ್ಲಿ ಅಪಾಯವು ನಾಶವಾಗುವುದಿಲ್ಲ, ಒಬ್ಬನ ಹೆಗಲಿನಿಂದ ಇನ್ನೊಬ್ಬನ ಹೆಗಲಿಗೆ ದಾಟುತ್ತದೆ, ಅಷ್ಟೆ. ಮಾಲೂ ಇಲ್ಲದೆ ಶೇರೂ ಇಲ್ಲದೆ, ಗುರುವಾರವೋ ಮಂಗಳವಾರವೋ ಅವಧಿ ಮುಗಿಯುವ ಆಪ್ಶನ್ನನ್ನು ಕೊಳ್ಳುವ ಗುಮಾಸ್ತನು ಯಾವ ಅಪಾಯವನ್ನು ದೂರ ಮಾಡಿಕೊಂಡಂತಾಯಿತು? ಎದುರಿಗೆ ಕುಳಿತವರಾದರೂ ಯಾರು? 2023-24ರಲ್ಲಿ ಖರ್ಚು ಕಳೆಯುವ ಮುನ್ನ ಸ್ವಂತ ಬಂಡವಾಳದಿಂದ ವ್ಯಾಪಾರ ಮಾಡುವ ಸಂಸ್ಥೆಗಳು ಸುಮಾರು 33,000 ಕೋಟಿಯನ್ನೂ ವಿದೇಶೀ ಹೂಡಿಕೆದಾರರು ಸುಮಾರು 28,000 ಕೋಟಿಯನ್ನೂ ಗಳಿಸಿದರು. ಈ ಲಾಭದ ಬಹುಭಾಗ ಗಣಕಯಂತ್ರಗಳು ತಾವೇ ನಡೆಸಿದ ವ್ಯವಹಾರದಿಂದ ಬಂದದ್ದು. ಕಚೇರಿಯ ಊಟದ ವಿರಾಮದಲ್ಲಿ ಫೋನು ತೆರೆಯುವವನು ಅಂಥ ಯಂತ್ರದೊಡನೆ ಸೆಣಸುತ್ತಿದ್ದಾನೆ. ಆತ ಗೆಲ್ಲಲಿ ಸೋಲಲಿ ದಲಾಲಿ ತಪ್ಪದು: ಆ ಮೂರು ವರುಷಗಳಲ್ಲಿ ವ್ಯಕ್ತಿಗಳು ವ್ಯವಹಾರದ ಖರ್ಚೆಂದೇ ಸುಮಾರು 50,000 ಕೋಟಿ ತೆತ್ತರು.

ಹಾಗಾದರೆ ಸರಕಾರಿ ಬಾಂಡುಗಳಲ್ಲಿಡೋಣವೆಂದು ವಾಚಕರು ಕೇಳಬಹುದು. ಇಡಬಹುದು, 2021ರ ನವೆಂಬರಿನಿಂದ ರಿಜರ್ವ್ ಬ್ಯಾಂಕಿನ ರಿಟೇಲ್ ಡೈರೆಕ್ಟ್ ವ್ಯವಸ್ಥೆಯಲ್ಲಿ 10,000 ರೂಪಾಯಿಯಿಂದಲೇ ಸಾಮಾನ್ಯರಿಗೂ ಇದು ಸಾಧ್ಯವಾಗಿದೆ. ಆದರೆ ಬಾಂಡೆಂದ ಮಾತ್ರಕ್ಕೆ ಅಪಾಯವಿಲ್ಲವೆಂಬ ಭ್ರಾಂತಿ ಬೇಡ. ನೂರಕ್ಕೆ 7ರ ಬಡ್ಡಿಯ ಹತ್ತು ವರುಷದ ಬಾಂಡನ್ನು 100 ರೂಪಾಯಿಗೆ ಕೊಂಡ ಮರುದಿನ ಪೇಟೆಯ ಬಡ್ಡಿ 8ಕ್ಕೆ ಏರಿದರೆ ಅದರ ಬೆಲೆ ಸುಮಾರು 93ಕ್ಕೆ ಇಳಿಯುತ್ತದೆ. ಅವಧಿಯ ವರೆಗೆ ಇಟ್ಟುಕೊಳ್ಳಬಲ್ಲವನಿಗೆ ನೂರು ಬಂದೇ ಬರುತ್ತದೆ. ನಡುವೆ ಮಾರಲೇಬೇಕಾದವನಿಗೆ ಕಷ್ಟ. ಅಮೇರಿಕೆಯ ಸಿಲಿಕಾನ್ ವ್ಯಾಲಿ ಬ್ಯಾಂಕು 2023ರ ಮಾರ್ಚಿನಲ್ಲಿ ಮುಳುಗಿದ್ದು ಕೆಟ್ಟ ಸಾಲ ಕೊಟ್ಟದ್ದರಿಂದಲ್ಲ. ಬಡ್ಡಿ ಏರಿದ ಕಾಲದಲ್ಲಿ ತನ್ನ ಬಾಂಡುಗಳನ್ನು ಸುಮಾರು 180 ಕೋಟಿ ಡಾಲರುಗಳ ನಷ್ಟಕ್ಕೆ ಮಾರಿದ ಸುದ್ದಿ ಹಬ್ಬಿ, ಠೇವಣಿದಾರರು ಒಂದೇ ದಿನ 4,200 ಕೋಟಿ ಡಾಲರುಗಳನ್ನು ಎಳೆದುಕೊಂಡದ್ದರಿಂದ. ಖಾಸಗಿ ಕಂಪನಿಗಳ ಬಾಂಡಿಗಾದರೋ ಶ್ರೇಣಿಯ ಪತ್ರವೂ ಭರವಸೆಯಲ್ಲ. 2018ರಲ್ಲಿ ಐಎಲ್‌ಎಫ್‌ಎಸ್ ಸಾಲ ತೀರಿಸಲಾರದೆ ಹೋದದ್ದು ಅತ್ಯುಚ್ಚ ಶ್ರೇಣಿಯನ್ನು ಹೊತ್ತುಕೊಂಡಿದ್ದ ಕೆಲವೇ ವಾರಗಳೊಳಗೆ. ಮಗಳ ಮದುವೆ ಮೂರು ವರುಷಕ್ಕಿದ್ದರೆ ಮೂರು ವರುಷಕ್ಕೆ ತೀರುವ ಬಾಂಡನ್ನೇ ಕೊಳ್ಳತಕ್ಕದ್ದು.

ಸೆಬಿಯವರು 2024ರ ನವೆಂಬರಿನಿಂದ ಕರಾರಿನ ಕನಿಷ್ಠ ಮೊತ್ತವನ್ನು 15 ಲಕ್ಷಕ್ಕೇರಿಸಿದರು. ವಾರವಾರದ ಅವಧಿಗಳನ್ನು ಒಂದು ಪೇಟೆಗೆ ಒಂದು ಸೂಚ್ಯಂಕದಂತೆ ಮಿತಗೊಳಿಸಿದರು. ಒಳ್ಳೆಯದೇ ಆಯಿತು; ಆದರೆ 2024-25ರ ಅಂಕೆಗಳನ್ನು ನೋಡಿದರೆ ಇದು ಸಾಲದೆಂದು ನಾವು ಹೇಳಲೇಬೇಕಾಗಿದೆ. ಹತ್ತರಲ್ಲಿ ಒಂಬತ್ತು ಜನ ಸೋಲುತ್ತಾರೆಂಬ ಎಚ್ಚರಿಕೆಯನ್ನು ದಲಾಲರು ತೋರಿಸಬೇಕೆಂದು 2023ರ ಜುಲೈಯಿಂದಲೇ ಕಟ್ಟಳೆಯಿದೆ. ತಾನು ಆ ಹತ್ತನೆಯವನೆಂದು ನಂಬದವನು ಯಾರು? ಅವನು ಅದನ್ನು ಓದದೆ ಮುಂದೆ ಸಾಗುತ್ತಾನೆ. ಪ್ರತಿಯೊಂದು ಹೊಸ ಆಜ್ಞೆಯನ್ನು ಕೊಡುವ ಮುಂಚೆ, ಈ ವರುಷ ಅವನು ತಾನೇ ಕಳೆದ ರೂಪಾಯಿಗಳೆಷ್ಟೆಂಬುದನ್ನು ಕನ್ನಡ ಬಲ್ಲವನಿಗೆ ಕನ್ನಡದಲ್ಲಿ, ದೊಡ್ಡಕ್ಷರಗಳಲ್ಲಿ, ಅವನ ಕಣ್ಣೆದುರಿಗೆ ಹಿಡಿಯುವಂತೆ ದಲಾಲರನ್ನು ಕಟ್ಟುಪಡಿಸಬೇಕೆಂದು ನಾವು ಅಧಿಕಾರಿಗಳಿಗೆ ಸೂಚಿಸುತ್ತೇವೆ. ಲೆಕ್ಕವು ದಲಾಲರ ಯಂತ್ರದಲ್ಲಿ ಸಿದ್ಧವಾಗಿಯೇ ಇದೆ.