ಗಾಳಿಹಡಗಿನ ಹಾಯಿ

ಹೊಸದೊಂದು ಲೋಕವನ್ನು ಕಲ್ಪಿಸಿ ಕಥೆ ಕಟ್ಟುವ ಆಸೆ ಯಾರಿಗಿಲ್ಲ? ಅಂತಹ ಲೋಕದಲ್ಲಿ ನಗರಗಳು ಮೋಡಗಳ ನಡುವೆ ನೆಲೆಸಿರಬಹುದು. ಒಂದು ನಗರದಿಂದ ಇನ್ನೊಂದಕ್ಕೆ ಬಿಳಿಯ ಹಾಯಿಗಳನ್ನು ಬಿಚ್ಚಿದ ಗಾಳಿಹಡಗುಗಳು ತೇಲಿ ಸಾಗಬಹುದು. ಅವುಗಳಿಗೆ ಯಂತ್ರವಿಲ್ಲ, ಹೊಗೆಯಿಲ್ಲ, ಗಾಳಿಯೇ ಬಲ. ಇದನ್ನು ಕೇಳಿದೊಡನೆ ಕೆಲವರು ‘ಹುಚ್ಚು ಕಲ್ಪನೆ’ ಎಂದು ನಗುತ್ತಾರೆ. ಮತ್ತೆ ಕೆಲವರು ‘ಕಥೆಯಲ್ಲಿ ಏನು ಬೇಕಾದರೂ ಆಗಬಹುದು’ ಎನ್ನುತ್ತಾರೆ. ಈ ಎರಡು ಮಾತುಗಳೂ ಸರಿಯಲ್ಲವೆಂದು ನನ್ನ ಅಭಿಪ್ರಾಯ.

ಮೊದಲು ನಗುವವರ ಮಾತನ್ನು ವಿಚಾರಿಸೋಣ. 1670ರಲ್ಲಿ ಇಟಲಿಯ ಪಾದ್ರಿ ಫ್ರಾಂಚೆಸ್ಕೊ ಲಾನಾ ಎಂಬವನು ಒಂದು ಆಕಾಶನೌಕೆಯ ಚಿತ್ರವನ್ನು ಪ್ರಕಟಿಸಿದನು. ತೆಳುವಾದ ತಾಮ್ರದ ನಾಲ್ಕು ದೊಡ್ಡ ಗೋಳಗಳೊಳಗಿನ ಗಾಳಿಯನ್ನೆಲ್ಲ ಹೊರತೆಗೆದರೆ ಅವು ಹೊರಗಿನ ಗಾಳಿಗಿಂತ ಹಗುರವಾಗಿ ಮೇಲೇರುವುವು. ಅವುಗಳಿಗೆ ಕಟ್ಟಿದ ದೋಣಿಯನ್ನು ಹಾಯಿ ಮುನ್ನಡೆಸುವುದು ಎಂಬುದು ಅವನ ಎಣಿಕೆ. ಆ ನೌಕೆ ಹಾರಲಾರದು. ಒಳಗೆ ಗಾಳಿಯಿಲ್ಲದ ತೆಳುಗೋಳವನ್ನು ಹೊರಗಿನ ವಾಯುಭಾರ ಹಿಸುಕಿಬಿಡುತ್ತದೆ. ಆದರೂ ಗಾಳಿಗಿಂತ ಹಗುರವಾದುದು ಗಾಳಿಯಲ್ಲಿ ತೇಲುವುದೆಂಬ ಅವನ ಮೂಲವಿಚಾರ ಸತ್ಯವಾಗಿತ್ತು. ಒಂದು ಘನಮೀಟರ್ ಗಾಳಿ ಸುಮಾರು 1.2 ಕಿಲೋಗ್ರಾಂ ತೂಗುತ್ತದೆ; ಅದಕ್ಕಿಂತ ಹಗುರವಾದ ಬಿಸಿಗಾಳಿಯನ್ನು ತುಂಬಿದ ಬಲೂನಿನಲ್ಲಿ 1783ರ ನವೆಂಬರ್ 21ರಂದು ಇಬ್ಬರು ಮನುಷ್ಯರು ಪ್ಯಾರಿಸ್ ನಗರದ ಮೇಲೆ ಹಾರಿದರು. ಲಾನಾನ ಕಲ್ಪನೆ ಬರಿಯ ಹುಚ್ಚಾಗಿರಲಿಲ್ಲ.

ಹಾಗಾದರೆ ಅವನ ಹಾಯಿಯ ಗತಿಯೇನು? ಸಮುದ್ರದ ಹಡಗು ಎರಡರ ನಡುವೆ ನಿಂತಿದೆ. ಮೇಲಿನ ಗಾಳಿ ಹಾಯಿಯನ್ನು ದೂಡುತ್ತದೆ. ಕೆಳಗಿನ ನೀರು ಹಡಗಿನ ತಳವನ್ನು ತಡೆದು ಹಿಡಿಯುತ್ತದೆ. ಈ ಎಳೆದಾಟದಿಂದಲೇ ನಾವಿಕನು ತನಗೆ ಬೇಕಾದ ದಿಕ್ಕಿಗೆ ಹಡಗನ್ನು ತಿರುಗಿಸಬಲ್ಲನು. ಗಾಳಿಯಲ್ಲಿ ತೇಲುವ ಹಡಗಿಗೆ ತಡೆಯೆಂಬುದೇ ಇಲ್ಲ. ಅದು ಗಾಳಿಯ ವೇಗದಲ್ಲಿಯೇ ಗಾಳಿಯೊಡನೆ ಹೋಗುತ್ತದೆ. ಹೊರಗೆ ಬಿರುಗಾಳಿಯೇ ಇರಲಿ, ಅದರಲ್ಲಿ ಕುಳಿತವನಿಗೆ ಗಾಳಿಯ ಸುಳಿವು ಹತ್ತುವುದಿಲ್ಲ. ಹಾಯಿ ಒಣಹಾಕಿದ ಬಟ್ಟೆಯಂತೆ ಜೋತುಬೀಳುತ್ತದೆ. ಆದುದರಿಂದಲೇ 1852ರಲ್ಲಿ ಫ್ರಾನ್ಸಿನ ಆಂರಿ ಜಿಫಾರ್ ತನ್ನ ವಾಯುನೌಕೆಗೆ ಹಾಯಿಯನ್ನು ನೆಚ್ಚದೆ ಉಗಿಯಂತ್ರವನ್ನು ಜೋಡಿಸಿದನು.

‘ಏನು ಬೇಕಾದರೂ ಆಗಬಹುದು’ ಎನ್ನುವವರು ಸ್ವೀಡನ್ನಿನ ಆಂಡ್ರೆಯ ಕಥೆಯನ್ನು ಕೇಳಬೇಕು. ಬಲೂನಿನಲ್ಲಿ ಉತ್ತರಧ್ರುವವನ್ನು ತಲುಪುವ ಹಂಬಲ ಅವನದು. ಗಾಳಿಯಲ್ಲಿ ಹಾಯಿ ಕೆಲಸಮಾಡಬೇಕಾದರೆ ತಡೆ ಬೇಕೆಂಬುದನ್ನು ಅವನು ಬಲ್ಲನು. ಅದಕ್ಕಾಗಿ ಭಾರವಾದ ಹಗ್ಗಗಳನ್ನು ಹಿಮದ ಮೇಲೆ ಎಳೆದಾಡುವಂತೆ ಇಳಿಬಿಟ್ಟನು. ಬಲೂನಿನ ವೇಗ ಗಾಳಿಗಿಂತ ಕಡಮೆಯಾದರೆ ಹಾಯಿ ತುಂಬಿಕೊಳ್ಳುವುದು. ದಿಕ್ಕನ್ನು ತಕ್ಕಮಟ್ಟಿಗೆ ತಿರುಗಿಸಬಹುದು. ಉಪಾಯ ಜಾಣತನದ್ದೇ. ಆದರೆ ಧ್ರುವಯಾತ್ರೆಯ ಬಲೂನನ್ನು ಅವನು ಮೊದಲು ಹಾರಿಸಿ ಪರೀಕ್ಷಿಸಿರಲಿಲ್ಲ. 1897ರ ಜುಲೈ 11ರಂದು ಇಬ್ಬರು ಸಂಗಡಿಗರೊಡನೆ ಅವನು ಹೊರಟ ಕೆಲವೇ ನಿಮಿಷಗಳಲ್ಲಿ ಹಗ್ಗಗಳ ಹೆಚ್ಚಿನ ಭಾಗ ಕಳಚಿ ಸಮುದ್ರದ ಪಾಲಾಯಿತು. ತಡೆ ತಪ್ಪಿದ ಬಲೂನು ಗಾಳಿ ಒಯ್ದ ಕಡೆಗೆ ಹೋಗಿ, ಜುಲೈ 14ರಂದು ಹಿಮದ ಮೇಲೆ ನಿಂತಿತು. ಮೂವರೂ ಹಿಂದಿರುಗಲಿಲ್ಲ. ಅವರ ಅವಶೇಷಗಳೂ ದಿನಚರಿಗಳೂ ಛಾಯಾಚಿತ್ರಗಳೂ ಒಂದು ನಿರ್ಜನ ದ್ವೀಪದಲ್ಲಿ ದೊರೆತದ್ದು 1930ರಲ್ಲಿ. ಅವರ ಧೈರ್ಯಕ್ಕೆ ನಾವು ತಲೆಬಾಗೋಣ. ಆದರೆ ಪ್ರಕೃತಿ ಧೈರ್ಯವನ್ನು ನೋಡಿ ತನ್ನ ನಿಯಮವನ್ನು ಸಡಿಲಿಸುವುದಿಲ್ಲ ಎಂಬುದನ್ನೂ ಮರೆಯದಿರೋಣ.

ಹಾಗೆಂದು ಕಥೆಯಲ್ಲಿಯೂ ಗಾಳಿಹಡಗನ್ನು ಕೈಬಿಡಬೇಕೇ? ಬೇಕಾಗಿಲ್ಲ. ಆಕಾಶದಲ್ಲಿ ಬೇರೆ ಬೇರೆ ಎತ್ತರಗಳಲ್ಲಿ ಗಾಳಿ ಬೇರೆ ಬೇರೆ ದಿಕ್ಕಿಗೆ ಬೀಸುವುದುಂಟು. ನಿಮ್ಮ ಕಲ್ಪನೆಯ ಲೋಕದಲ್ಲಿ ಮೇಲಿನ ಗಾಳಿ ಮೂಡಣಕ್ಕೂ ಕೆಳಗಿನ ಗಾಳಿ ತೆಂಕಣಕ್ಕೂ ಸದಾ ಬೀಸಲಿ. ಹಡಗು ಮೇಲೆ ತೇಲಲಿ. ಉದ್ದವಾದ ಹಗ್ಗದ ತುದಿಯಲ್ಲಿ ಇನ್ನೊಂದು ಹಾಯಿ ಕೆಳಗಿನ ಗಾಳಿಗೆ ಇಳಿಯಲಿ. ಒಂದು ಇನ್ನೊಂದಕ್ಕೆ ತಡೆಯಾಗುತ್ತದೆ, ಹಾಯಿ ತುಂಬಿಕೊಳ್ಳುತ್ತದೆ. ಈಗ ನಿಮ್ಮ ನಾವಿಕನಿಗೆ ಕೌಶಲಬೇಕು. ಹಗ್ಗ ಹರಿದರೆ ಅವನಿಗೆ ಅಪಾಯವುಂಟು. ಅಪಾಯವಿರುವುದರಿಂದ ಓದುವವನ ಎದೆಯೂ ಮಿಡಿಯುತ್ತದೆ. ಏನು ಬೇಕಾದರೂ ಆಗಬಹುದಾದ ಲೋಕದಲ್ಲಿ ಯಾರಿಗೂ ಭಯವಿಲ್ಲ, ಆದುದರಿಂದ ಯಾರಿಗೂ ಗೆಲುವೂ ಇಲ್ಲ.

ಕಲ್ಪನೆಯೇ ಹಾಯಿ, ನಿಯಮವೇ ನೀರಿನ ತಡೆ. ಹಾಯಿಯಿಲ್ಲದ ಹಡಗು ದಡದಲ್ಲಿಯೇ ಉಳಿಯುತ್ತದೆ. ತಡೆಯಿಲ್ಲದ ಹಡಗು ಗಾಳಿಯ ಪಾಲಾಗುತ್ತದೆ. ಕಥೆ ಬರೆಯುವವನಿಗೂ ಯಂತ್ರ ಕಟ್ಟುವವನಿಗೂ ಎರಡೂ ಬೇಕು. ಇವರಲ್ಲಿ ಒಂದೇ ವ್ಯತ್ಯಾಸ: ಕಥೆಗಾರನು ತನ್ನ ಲೋಕದ ನಿಯಮವನ್ನು ತಾನೇ ಮಾಡಿ ಅದಕ್ಕೆ ಬದ್ಧನಾಗುತ್ತಾನೆ, ಯಂತ್ರ ಕಟ್ಟುವವನು ಈ ಲೋಕದ ನಿಯಮವನ್ನು ಪರೀಕ್ಷಿಸಿ ತಿಳಿದು ಅದಕ್ಕೆ ಬಾಗುತ್ತಾನೆ.